ರಂಗದ ಮೇಲೆ ಕಥೆಗನ್ನಡಿ: ಕಟ್ಟುವುದು, ಬೆಳಗಿಸುವುದು, ಅದರಿಂದ ಕಥೆ ರಿಪೇರಿ ಮಾಡಿಸುವುದು

ನಡೆಯುತ್ತಿರುವ ಕಥೆಯನ್ನು ಇಣುಕಿ ನೋಡಿ, ಅದು ದಾರಿ ತಪ್ಪಿದ ಕಡೆ ಕೈಹಾಕಿ ಸರಿಪಡಿಸುವ ಮಾಯಾಕನ್ನಡಿಯೊಂದು ನಾಟಕದಲ್ಲಿ ಬರುತ್ತದೆ ಎಂದಾಗ ತಂಡಗಳು ಸಾಮಾನ್ಯವಾಗಿ ಎರಡರಲ್ಲಿ ಒಂದು ದಾರಿ ಹಿಡಿಯುತ್ತವೆ. ಖಾಲಿ ಚೌಕಟ್ಟು ನಿಲ್ಲಿಸಿ ನಟಿಯ ಬಾಯಲ್ಲಿ "ಅಗೋ, ಅಲ್ಲಿ ಕಾಣ್ತಿದೆ" ಎಂದು ಹೇಳಿಸುತ್ತವೆ. ಇಲ್ಲವೇ ಪ್ರೊಜೆಕ್ಟರ್ ತಂದು ವಿಡಿಯೊ ಬಿಡುತ್ತವೆ. ಮೊದಲನೆಯದರಲ್ಲಿ ಪ್ರೇಕ್ಷಕರಿಗೆ ಏನೂ ಕಾಣುವುದಿಲ್ಲ. ಎರಡನೆಯದರಲ್ಲಿ ಕಾಣುತ್ತದೆ, ಆದರೆ ಅದು ಎಂದೋ ಮುಗಿದುಹೋದ ಕಥೆ. ಅದಕ್ಕೆ ಕೈಹಾಕಲು ಬರುವುದಿಲ್ಲ ಎಂಬುದು ನೋಡುವವರಿಗೆ ತಕ್ಷಣ ಗೊತ್ತಾಗಿಬಿಡುತ್ತದೆ. ಕನ್ನಡಿಯೊಳಗೆ ಜೀವಂತ ನಟರೇ ಇರಬೇಕು, ಹೊರಗಿನ ಕೈ ಒಳಗೆ ಹೋಗಬೇಕು, ಒಡೆದದ್ದು ಕಣ್ಣೆದುರೇ ಕೂಡಿಕೊಳ್ಳಬೇಕು. ಇದಕ್ಕೆ ಬೇಕಾದದ್ದು ಗಾಜು, ಕಪ್ಪು ಬಟ್ಟೆ ಮತ್ತು ಬೆಳಕನ್ನು ಏರಿಸಿ ಇಳಿಸುವ ಕೆಲವು ಡಿಮ್ಮರ್ ಮಾತ್ರ. ತಾಲ್ಲೂಕಿನ ರಂಗಮಂದಿರದಲ್ಲೂ ಇದು ಸಾಧ್ಯ.

ಒಂದು ಮಾತು ಮೊದಲೇ ಹೇಳಬೇಕು. ಈ ಕನ್ನಡಿಯ ತಂತ್ರ ಮತ್ತು ನಾಟಕದೊಳಗಿನ ಅದರ ಕಟ್ಟಳೆ ಎರಡೂ ಒಂದೇ ಆಗಿರಬೇಕು. ಬೆಳಕಿಗೆ ಏನು ಸಾಧ್ಯವೋ ಅಷ್ಟನ್ನೇ ಕನ್ನಡಿಯಿಂದ ಮಾಡಿಸಿ. ಹಾಗೆ ಮಾಡಿದರೆ ಬೆಳಕಿನ ಪ್ರತಿ ಬದಲಾವಣೆಗೂ ಕಥೆಯಲ್ಲೇ ಕಾರಣ ಸಿಗುತ್ತದೆ, ಪ್ರೇಕ್ಷಕರು ಡಿಮ್ಮರ್ ಕಡೆ ಗಮನ ಕೊಡುವುದೇ ಇಲ್ಲ.

ಕೆಲಸ ಮಾಡುವ ಬಗೆ

ಬೆಳ್ಳಿ ಬಣ್ಣದ ಫಿಲ್ಮ್ ಹಚ್ಚಿದ ಗಾಜು ತನ್ನ ಮೇಲೆ ಬಿದ್ದ ಬೆಳಕಿನ ಒಂದಷ್ಟನ್ನು ಹಿಂದಕ್ಕೆ ಎಸೆಯುತ್ತದೆ, ಒಂದಷ್ಟನ್ನು ಒಳಗೆ ಬಿಡುತ್ತದೆ. ಮುಂದೆ ಬೆಳಕಿದ್ದು ಹಿಂದೆ ಕತ್ತಲಿದ್ದರೆ ಅದು ಕನ್ನಡಿ. ಮುಂದೆ ಕತ್ತಲಾಗಿ ಹಿಂದೆ ಬೆಳಕಾದರೆ ಅದೇ ಕಿಟಕಿ. ಗಾಜು ಬದಲಾಗುವುದಿಲ್ಲ, ಬೆಳಕಿನ ತೂಕ ಮಾತ್ರ ಆ ಕಡೆಯಿಂದ ಈ ಕಡೆಗೆ ವಾಲುತ್ತದೆ.

ಹೊಸಬರು ಎಡವುವುದು ಇಲ್ಲಿಯೇ. ಹಿಂದಿನ ದೃಶ್ಯ ಮಸುಕಾಗಿದೆ ಎಂದು ಹಿಂದೆ ಇನ್ನೊಂದು ಲೈಟು, ಮತ್ತೊಂದು ಲೈಟು ಸೇರಿಸುತ್ತಾ ಹೋಗುತ್ತಾರೆ. ಫಿಲ್ಮ್ ಐದರಲ್ಲಿ ಒಂದು ಪಾಲು ಬೆಳಕು ಬಿಡುವಂಥದ್ದಾದರೆ ಹಿಂದೆ ಎಷ್ಟು ಸುರಿದರೂ ನಾಲ್ಕು ಪಾಲು ಹೊರಗೆ ಬರುವುದೇ ಇಲ್ಲ. ಮುಂದಿನ ಬೆಳಕನ್ನು ಅರ್ಧ ಮಾಡಿದರೆ ಪ್ರತಿಬಿಂಬವೂ ಅರ್ಧವಾಗುತ್ತದೆ, ಅದಕ್ಕೆ ಖರ್ಚೂ ಇಲ್ಲ. ಆದ್ದರಿಂದ ಕ್ರಮ ಹೀಗಿರಲಿ: ಮೊದಲು ಮುಂದಿನದನ್ನು ತಗ್ಗಿಸಿ, ಆಮೇಲೆ ಹಿಂದಿನದನ್ನು ಏರಿಸಿ. ಕನ್ನಡಿ ಮುಚ್ಚುವಾಗ ಮೊದಲು ಹಿಂದಿನದು ತಗ್ಗಬೇಕು, ಆಮೇಲೆ ಮುಂದಿನದು ಏರಬೇಕು. ಎರಡನ್ನೂ ಒಟ್ಟಿಗೆ ಏರಿಳಿಸಿದರೆ ನಡುವೆ ಒಂದು ಗಳಿಗೆ ನಟಿಯ ಮುಖವೂ ಒಳಗಿನವರ ಮುಖವೂ ಕಲಸಿಕೊಳ್ಳುತ್ತವೆ. ಬೇಕೆಂದೇ ಮಾಡಿದರೆ ಅದೂ ಒಂದು ಪರಿಣಾಮವೇ. ಗೊತ್ತಿಲ್ಲದೆ ಆದರೆ ಗಲೀಜು.

ಗಾಜು, ಫಿಲ್ಮ್, ಚೌಕಟ್ಟು

ಪೂರ್ತಿ ಆಳು ಕಾಣಬೇಕಾದರೆ 6 ಅಡಿ ಎತ್ತರ, 3 ಅಡಿ ಅಗಲ ಸಾಕು. ಈ ಅಳತೆಯ 5 ಮಿ.ಮೀ. ಗಾಜು ಸುಮಾರು 21 ಕಿಲೊ ತೂಗುತ್ತದೆ, ಅಷ್ಟೇ ದಪ್ಪದ ಅಕ್ರಿಲಿಕ್ ಶೀಟ್ ಸುಮಾರು 10 ಕಿಲೊ. ಒಂದೇ ಕಡೆ ನಿಲ್ಲುವ ರಂಗಸಜ್ಜಿಕೆಗೆ ಗಾಜೇ ಒಳ್ಳೆಯದು, ಪ್ರತಿಬಿಂಬ ನೇರವಾಗಿ ಬರುತ್ತದೆ. ಆದರೆ ಟಫನ್ ಮಾಡಿಸಿದ (ಕಾಯಿಸಿ ಗಟ್ಟಿ ಮಾಡಿದ) ಗಾಜೇ ಆಗಬೇಕು. ಸಾದಾ ಗಾಜು ಒಡೆದರೆ ಕತ್ತಿಯಂಥ ಚೂರುಗಳಾಗುತ್ತದೆ. ಟಫನ್ ಆದ ಮೇಲೆ ಅದನ್ನು ಕತ್ತರಿಸಲು ಬರುವುದಿಲ್ಲ, ಹಾಗಾಗಿ ಚೌಕಟ್ಟಿನ ಒಳ ಅಳತೆಗಿಂತ ಪ್ರತಿ ಬದಿಗೂ 3 ಮಿ.ಮೀ. ಕಡಿಮೆ ಕೊಟ್ಟು ಆರ್ಡರ್ ಮಾಡಿ. ಊರಿಂದ ಊರಿಗೆ ಪ್ರದರ್ಶನ ಒಯ್ಯುವ ತಂಡಕ್ಕೆ ಅಕ್ರಿಲಿಕ್ ಸರಿ. ಅದರ ದೋಷ ಬಾಗುವುದು. ನಾಲ್ಕೂ ಅಂಚನ್ನು ಪಟ್ಟಿಯಿಂದ ಬಿಗಿಯಾಗಿ ಹಿಡಿಯದಿದ್ದರೆ ನಟಿಯ ಸೊಂಟದ ಮೇಲೆ ಒಂದು ಮುಖ, ಕೆಳಗೆ ಒಂದು ಮುಖ ಎಂಬಂತೆ ಬಿಂಬ ಅಲೆಯಾಗುತ್ತದೆ. ಅಕ್ರಿಲಿಕ್ಕಿನ ಮೇಲಿನ ಕಾಗದವನ್ನು ಕೊನೆಯವರೆಗೂ ಕೀಳಬೇಡಿ. ಒರೆಸಲು ಸೋಪು ನೀರು, ಮೆತ್ತನೆಯ ಬಟ್ಟೆ ಮಾತ್ರ. ಸ್ಪಿರಿಟ್ ಅಥವಾ ಗಾಜು ಒರೆಸುವ ಅಮೋನಿಯದ ದ್ರವ ಹಾಕಿದರೆ ಕೂದಲೆಳೆಯಂಥ ಬಿರುಕು ಬಿಡುತ್ತದೆ.

ಫಿಲ್ಮ್ ಎಂದರೆ ಕಟ್ಟಡಗಳ ಕಿಟಕಿಗೆ ಹಚ್ಚುವ ಬೆಳ್ಳಿ ಬಣ್ಣದ ಸನ್ ಫಿಲ್ಮ್. ಕೊಳ್ಳುವಾಗ ವಿ.ಎಲ್.ಟಿ. ಎಷ್ಟು ಎಂದು ಕೇಳಿ. ನೂರರಲ್ಲಿ ಎಷ್ಟು ಪಾಲು ಬೆಳಕು ಒಳಗೆ ಬಿಡುತ್ತದೆ ಎಂಬುದರ ಲೆಕ್ಕ ಅದು. 20ರಿಂದ 30ರ ನಡುವಿನದು ನಮ್ಮ ಕೆಲಸಕ್ಕೆ ಸರಿ. 5ರದ್ದು ಒಳ್ಳೆಯ ಕನ್ನಡಿಯಾಗುತ್ತದೆ, ಕಿಟಕಿಯಾಗುವುದೇ ಇಲ್ಲ. 50ರದ್ದಾದರೆ ಕನ್ನಡಿಯಾಗಿದ್ದಾಗಲೂ ಒಳಗಿನ ಬಿಳಿ ಪಂಚೆ ತೋರಿಬಿಡುತ್ತದೆ. ಲೀಟರ್ ನೀರಿಗೆ ನಾಲ್ಕಾರು ಹನಿ ಬೇಬಿ ಶಾಂಪೂ ಹಾಕಿ, ಗಾಜಿಗೂ ಫಿಲ್ಮಿನ ಅಂಟಿಗೂ ಧಾರಾಳವಾಗಿ ಸಿಂಪಡಿಸಿ, ಫಿಲ್ಮ್ ಕೂರಿಸಿ, ರಬ್ಬರ್ ಪಟ್ಟಿಯಿಂದ ನಡುವಿನಿಂದ ಅಂಚಿನ ಕಡೆಗೆ ನೀರನ್ನು ಹೊರದೂಡಿ. ಫ್ಯಾನ್ ಆರಿಸಿಯೇ ಈ ಕೆಲಸ ಮಾಡಿ. ಒಂದು ಕಣ ದೂಳು ಕೂತರೆ ಅದು ಬೆಳಕಿನಲ್ಲಿ ನಕ್ಷತ್ರದಂತೆ ಹೊಳೆಯುತ್ತದೆ. ಒಳಗಿನ ನೀರು ಪೂರ್ತಿ ಆರಲು ದಿನಗಳೇ ಬೇಕು, ಅಲ್ಲಿಯವರೆಗೆ ಮಂಜು ಕವಿದಂತೆ ಕಾಣುವುದು ಸಹಜ. ಪ್ರದರ್ಶನದ ಹಿಂದಿನ ದಿನ ಹಚ್ಚುವ ಧೈರ್ಯ ಮಾಡಬೇಡಿ. ಫಿಲ್ಮ್ ಇರುವ ಮೈ ಒಳಗಡೆಗೆ ಬರಲಿ. ಹೊರಗಡೆ ಇದ್ದರೆ ನಟಿಯ ಉಂಗುರ ತಾಗಿ ಗೀರು ಬೀಳುತ್ತದೆ.

ಚೌಕಟ್ಟಿನ ಬಲಗಂಬವನ್ನು 8 ಇಂಚು ಅಗಲ ಮಾಡಿ, ಜಾಲಿ ಕೆತ್ತನೆಯಂತೆ ಪ್ಲೈವುಡ್ ಕತ್ತರಿಸಿ. ಎಡಗಂಬವನ್ನೂ ಹಾಗೆಯೇ ಮಾಡಿ, ಇಲ್ಲದಿದ್ದರೆ ಬಲಗಡೆ ಏನೋ ಇದೆ ಎಂದು ಗೊತ್ತಾಗುತ್ತದೆ. ಬಲಗಂಬದಲ್ಲಿ ನಟಿಯ ಎದೆಯ ಎತ್ತರಕ್ಕೆ ಒಂದು ಗೇಣುದ್ದದ ತೂತು ಬಿಟ್ಟು, ಹಿಂದೆ ಕಪ್ಪು ಮಖಮಲ್ಲಿನ ಎರಡು ತುಂಡುಗಳನ್ನು ಒಂದರ ಮೇಲೊಂದು ಬರುವಂತೆ ಹೊಲಿಯಿರಿ. ಇದು ಕೈ ಹೋಗುವ ಸೀಳು. ನಟಿ ಬಲಗಂಬಕ್ಕೆ ಓರೆಯಾಗಿ ನಿಂತು, ತನ್ನ ಮೈಯ ಮರೆಯಲ್ಲಿ ಕೈ ತೂರಿಸಿ, ಒಳಗೆ ಮೊಣಕೈ ಮಡಿಸಿದರೆ ಅಂಗೈ ಗಾಜಿನ ಹಿಂದೆ ಮೂಡುತ್ತದೆ. ಗಾಜಿನ ಬಳೆ ತೊಟ್ಟಿದ್ದರೆ ಬಳೆಗಳ ನಡುವೆ ತೆಳು ಟೇಪ್ ಸುತ್ತಿ. ಬಳೆ ಅಕ್ರಿಲಿಕ್ಕಿಗೆ ತಾಗಿ ಟಣ್ ಎಂದರೆ ಮಾಯೆ ಅಲ್ಲಿಗೆ ಮುಗಿಯಿತು.

ನಿಲ್ಲಿಸುವ ಕೋನ

ಪ್ರೇಕ್ಷಕರಿಗೆ ನೇರ ಎದುರಾಗಿ ನಿಲ್ಲಿಸಿದರೆ ಕನ್ನಡಿಯಲ್ಲಿ ಕಾಣುವುದು ಎಕ್ಸಿಟ್ ದೀಪ, ಮೊಬೈಲ್ ಪರದೆ, ಮುಂಭಾಗದ ಸ್ಪಾಟ್‌ಲೈಟು. ಕನ್ನಡಿಯನ್ನು ಎಷ್ಟು ತಿರುಗಿಸುತ್ತೀರೋ ಬಿಂಬ ಅದರ ಎರಡರಷ್ಟು ತಿರುಗುತ್ತದೆ. 10 ಡಿಗ್ರಿ ಓರೆ ಮಾಡಿದರೆ, ಅಂದರೆ 3 ಅಡಿ ಅಗಲಕ್ಕೆ ಒಂದು ಅಂಚನ್ನು 6 ಇಂಚು ಮುಂದೆ ತಂದರೆ, ಬಿಂಬ 20 ಡಿಗ್ರಿ ಪಕ್ಕಕ್ಕೆ ಸರಿಯುತ್ತದೆ. ಮೇಲ್ತುದಿಯನ್ನೂ ಸುಮಾರು 6 ಇಂಚು ಮುಂದಕ್ಕೆ ಬಾಗಿಸಿ. 6 ಅಡಿ ಎತ್ತರಕ್ಕೆ ಅದು 5 ಡಿಗ್ರಿ. ಜನ ನೆಲದ ಮೇಲೆ ಕೂತು ಎತ್ತರದ ವೇದಿಕೆ ನೋಡುವ ಜಾಗದಲ್ಲಿ ಈ ಬಾಗು ಬಹಳ ಮುಖ್ಯ. ಬಾಗಿಸದಿದ್ದರೆ ಅವರ ನೋಟ ಕೆಳಗಿನಿಂದ ಮೇಲಕ್ಕೆ ಹೋಗಿ, ಗಾಜಿಗೆ ತಾಗಿ, ಮತ್ತೂ ಮೇಲಕ್ಕೆ ಚಿಮ್ಮಿ ನೇರ ಲೈಟುಗಳನ್ನೇ ಹಿಡಿಯುತ್ತದೆ.

ಮುಂದಕ್ಕೆ ಬಾಗಿದ ಚೌಕಟ್ಟು ಮುಂದಕ್ಕೇ ಬೀಳುತ್ತದೆ ಎಂಬುದನ್ನು ಮರೆಯಬೇಡಿ. ತಳದಲ್ಲಿ ಹಿಂದಕ್ಕೂ ಮುಂದಕ್ಕೂ 2 ಅಡಿ ಚಾಚಿದ ಕಾಲು, ಹಿಂದಿನ ಕಾಲಿನ ಮೇಲೆ ಮರಳಿನ ಚೀಲ, ಮೇಲ್ತುದಿಯಿಂದ ಹಿಂದಿನ ಕಂಬಿಗೆ ತಂತಿ ಇರಬೇಕು. ಮೂರೂ ಇಲ್ಲದೆ ಯಾರನ್ನೂ ಅದರ ಬಳಿ ನಿಲ್ಲಿಸಬೇಡಿ.

ಹಿಂದಿನ ಗೂಡು

ಗಾಜಿನ ಹಿಂದೆ 6 ಅಡಿ ಅಗಲ, 6 ಅಡಿ ಆಳದ ಗೂಡು. ಮೂರು ಬದಿಗೂ ಮೇಲಕ್ಕೂ ಕಪ್ಪು ಬಟ್ಟೆ, ನೆಲಕ್ಕೆ ಕಪ್ಪು ಜಮಖಾನ. ಮಖಮಲ್ಲು ಎಲ್ಲಕ್ಕಿಂತ ಉತ್ತಮ, ಅದರ ನೂಲಿನೊಳಗೆ ಬೆಳಕು ಸಿಕ್ಕಿಬೀಳುತ್ತದೆ. ಅಷ್ಟು ಖರ್ಚು ಆಗದಿದ್ದರೆ ಹೊಳಪಿಲ್ಲದ ಕಾಟನ್ ಬಟ್ಟೆಯನ್ನು ನೆರಿಗೆ ಹಿಡಿದು ಎರಡು ಪದರ ಕಟ್ಟಿ. ಸ್ಯಾಟಿನ್, ಕಪ್ಪು ಪ್ಲಾಸ್ಟಿಕ್ ಹಾಳೆ ಬೇಡ. ಕೈಯಲ್ಲಿ ಹಿಡಿದಾಗ ಕಪ್ಪಾಗಿರುತ್ತವೆ, ಲೈಟು ಬಿದ್ದ ಕೂಡಲೇ ಬೂದು ಬಣ್ಣಕ್ಕೆ ತಿರುಗಿ ಕಾಣುತ್ತವೆ. ಹಣ ಕಡಿಮೆಯಿದ್ದರೆ ಲೈಟಿನಲ್ಲಿ ಉಳಿಸಿ ಬಟ್ಟೆಗೆ ಹಾಕಿ. ಈ ಕನ್ನಡಿಯ ಗುಣ ನಿಂತಿರುವುದೇ ಹಿಂದಿನ ಕತ್ತಲ ಮೇಲೆ.

ಲೈಟುಗಳನ್ನು ಚೌಕಟ್ಟಿನ ಕಂಬಗಳ ಮರೆಯಲ್ಲಿ, ಎರಡೂ ಬದಿಯಿಂದ ಅಡ್ಡಲಾಗಿ ಹೊಡೆಯಿರಿ. ಬೆಳಕು ನಟರನ್ನು ದಾಟಿ ಎದುರಿನ ಪಕ್ಕದ ಬಟ್ಟೆಗೆ ಹೋಗಬೇಕು, ಹಿಂದಿನ ಬಟ್ಟೆಗೆ ತಾಗಬಾರದು. ಹ್ಯಾಲೊಜನ್ ಬಳಸುವುದಾದರೆ ಬಟ್ಟೆಯಿಂದಲೂ ಅಕ್ರಿಲಿಕ್ಕಿನಿಂದಲೂ ದೂರ ಇಡಿ, ಎರಡೂ ಹೊತ್ತಿ ಉರಿಯುವಂಥವು. ಗೂಡಿನ ಹಿಂದೆ ಹೊರಹೋಗುವ ದಾರಿಗೆ ಯಾವ ಸಾಮಾನೂ ಅಡ್ಡ ಬರಬಾರದು.

ಒಳಗಿನ ನಟರು ಗಾಜಿನಿಂದ ಎಷ್ಟು ದೂರ ನಿಲ್ಲಬೇಕು ಎಂಬುದಕ್ಕೆ ಲೆಕ್ಕವಿದೆ. ಸಭಾಂಗಣದ ಕೊನೆಯ ಮೂಲೆಯಿಂದ 30 ಡಿಗ್ರಿ ಓರೆಯಲ್ಲಿ ನೋಡುವವರಿಗೆ, 3 ಅಡಿ ಅಗಲದ ಗಾಜಿನ ನಡುಭಾಗದ ಹಿಂದೆ ನಿಂತ ವ್ಯಕ್ತಿ ಕಾಣುವುದು ಸುಮಾರು ಎರಡೂವರೆ ಅಡಿ ಆಳದವರೆಗೆ ಮಾತ್ರ. ಅದಕ್ಕಿಂತ ಹಿಂದೆ ಸರಿದರೆ ಕಂಬ ಅಡ್ಡ ಬರುತ್ತದೆ. ಹೀಗಾಗಿ ಮುಖ್ಯ ಕ್ರಿಯೆಯೆಲ್ಲ ಗಾಜಿನಿಂದ 2 ಅಡಿಯೊಳಗೆ ನಡೆಯಲಿ. ನೆಲದ ಮೇಲೆ ಬಿಳಿ ಟೇಪ್ ಅಂಟಿಸಬೇಡಿ, ಕಾಣುತ್ತದೆ. ದಪ್ಪ ಹಗ್ಗದ ತುಂಡನ್ನು ಜಮಖಾನದ ಕೆಳಗೆ ಇಟ್ಟರೆ ಪಾದಕ್ಕೆ ಗುರುತು ಸಿಗುತ್ತದೆ. ಬೆಳಕು ಬಂದ ಮೇಲೆ ಒಳಗಿನವರಿಗೆ ಗಾಜಿನಲ್ಲಿ ತಮ್ಮ ಮುಖವೇ ಕಾಣುತ್ತದೆ, ಹೊರಗಿನ ನಟಿ ಕಾಣುವುದಿಲ್ಲ. ಕ್ಯೂ (ಮುಂದಿನ ಕ್ರಿಯೆಗೆ ಕೊಡುವ ಸೂಚನೆ) ಎಲ್ಲವೂ ಕಿವಿಯಿಂದಲೇ ಬರಬೇಕು: ಒಂದು ಮಾತು, ಕೋಲಿನ ಕುಟ್ಟು ಅಥವಾ ಗೆಜ್ಜೆಯ ಸದ್ದು.

ಒಡೆದ ಮಡಕೆ ಕೂಡಿಕೊಳ್ಳುವುದು

ಇಡೀ ಪ್ರಯೋಗದ ಜೀವ ಇಲ್ಲಿದೆ. ಇದರ ಮೂಲ ಹೆನ್ರಿ ಡರ್ಕ್ಸ್ ಎಂಬ ಎಂಜಿನಿಯರ್ ಯೋಚಿಸಿದ, ಜಾನ್ ಹೆನ್ರಿ ಪೆಪ್ಪರ್ ತಿದ್ದಿ 1862ರಲ್ಲಿ ಲಂಡನ್ನಿನ ರಾಯಲ್ ಪಾಲಿಟೆಕ್ನಿಕ್‌ನಲ್ಲಿ ತೋರಿಸಿದ ತಂತ್ರ. ರಂಗದ ಮೇಲೆ ದೆವ್ವ ಮೂಡಿಸಲು ಅವರು ದೊಡ್ಡ ಗಾಜನ್ನು ಓರೆಯಾಗಿ ನಿಲ್ಲಿಸಿದ್ದರು. ನಮಗೆ ಬೇಕಾದದ್ದು ಒಂದು ಮಡಕೆ ಅಷ್ಟೇ.

ಗೂಡಿನೊಳಗೆ ಒಂದು ಕಟ್ಟೆಯ ಮೇಲೆ 3 ಅಡಿ ಅಗಲ, 2 ಅಡಿ ಎತ್ತರದ 4 ಮಿ.ಮೀ. ಗಾಜನ್ನು 45 ಡಿಗ್ರಿ ಓರೆಯಲ್ಲಿ ನೆಟ್ಟಗೆ ನಿಲ್ಲಿಸಿ. ಒಡೆದ ಮಡಕೆ ಈ ಗಾಜಿನ ಹಿಂದೆ, ಗಾಜಿನ ನಡುಬಿಂದುವಿನಿಂದ 12 ಇಂಚು ದೂರದಲ್ಲಿರಲಿ. ಇಡೀ ಮಡಕೆ ಪಕ್ಕದಲ್ಲಿ, ಗಾಜು ಮುಖ ಮಾಡಿರುವ ಕಡೆ, ಅದೇ ನಡುಬಿಂದುವಿನಿಂದ ಅಷ್ಟೇ 12 ಇಂಚು. ಒಡೆದದ್ದರ ಮೇಲೆ ಬೆಳಕಿದ್ದರೆ ಗಾಜಿನ ಮೂಲಕ ಅದು ಕಾಣುತ್ತದೆ. ಬೆಳಕನ್ನು ಇಡಿಯ ಮೇಲೆ ಸರಿಸಿದರೆ ಅದರ ಬಿಂಬ, ಒಡೆದದ್ದು ಇದ್ದ ಜಾಗದಲ್ಲೇ ಮೂಡುತ್ತದೆ. ಐದು ಸೆಕೆಂಡಿನಲ್ಲಿ ಒಂದನ್ನು ಇಳಿಸುತ್ತಾ ಇನ್ನೊಂದನ್ನು ಏರಿಸಿದರೆ ಚೂರುಗಳ ನಡುವಿನ ಕತ್ತಲೆ ತುಂಬಿಕೊಂಡು ಮಡಕೆ ಇಡಿಯಾಗುತ್ತದೆ.

ಜೋಡಣೆ ಸರಿಯಿದೆಯೇ ಎಂದು ನೋಡಲು ಎರಡೂ ದೀಪ ಅರ್ಧ ಏರಿಸಿ, ತಲೆಯನ್ನು ಎಡಕ್ಕೆ ಬಲಕ್ಕೆ ಸರಿಸಿ. ಎರಡು ಮಡಕೆಗಳೂ ಅಂಟಿಕೊಂಡಂತೆ ಒಟ್ಟಿಗೇ ಸರಿದರೆ ದೂರ ಸಮವಾಗಿದೆ, ಸಭಾಂಗಣದ ಯಾವ ಕುರ್ಚಿಯಿಂದ ನೋಡಿದರೂ ಕೂಡಿಕೊಳ್ಳುತ್ತವೆ. ಒಂದು ಮತ್ತೊಂದರ ಮೇಲೆ ಜಾರಿದರೆ ದೂರದಲ್ಲಿ ವ್ಯತ್ಯಾಸವಿದೆ. ನಡುವಿನ ಕುರ್ಚಿಯಲ್ಲಿ ಕೂತು ಮಾತ್ರ ಹೊಂದಿಸಿದವರಿಗೆ ಮೂಲೆಯವರು ಎರಡು ಮಡಕೆ ಕಂಡವು ಎನ್ನುವುದು ಇದಕ್ಕೇ.

ಕೆಡುವ ಜಾಗಗಳು ಇನ್ನೂ ಇವೆ. ಸಾದಾ ಗಾಜು 45 ಡಿಗ್ರಿಯಲ್ಲಿ ಬೆಳಕಿನ ಹತ್ತನೆಯ ಒಂದು ಪಾಲನ್ನಷ್ಟೇ ಪ್ರತಿಫಲಿಸುತ್ತದೆ, ಆದ್ದರಿಂದ ಇಡೀ ಮಡಕೆಗೆ ಸುಮಾರು ಒಂಬತ್ತು ಹತ್ತು ಪಟ್ಟು ಬೆಳಕು ಬೇಕು. ಈ ಗಾಜಿಗೆ ತೆಳುವಾದ, 50ರ ಆಸುಪಾಸಿನ ಫಿಲ್ಮ್ ಹಚ್ಚಿದರೆ ಆ ಅಂತರ ಬಹಳ ಇಳಿಯುತ್ತದೆ. ಗಾಜಿನ ಎರಡು ಮೈಗಳೂ ಪ್ರತಿಫಲಿಸುವುದರಿಂದ ಅಂಚಿನಲ್ಲಿ ಸುಮಾರು 3 ಮಿ.ಮೀ. ಜೋಡಿಗೆರೆ ಕಾಣುತ್ತದೆ, ದೂರದ ಸಾಲಿಗೆ ಅದು ಗೊತ್ತಾಗದು, ಫಿಲ್ಮ್ ಇದ್ದರೆ ಇನ್ನೂ ಮಸುಕಾಗುತ್ತದೆ. ಬಿಂಬದಲ್ಲಿ ಎಡ ಬಲ ಅದಲುಬದಲಾಗುವುದರಿಂದ ಮಡಕೆಯ ಮೇಲೆ ಚಿತ್ತಾರ ಬರೆದಿದ್ದರೆ ಇಡೀ ಮಡಕೆಯ ಮೇಲೆ ಅದನ್ನು ತಿರುಗುಮುರುಗಾಗಿ ಬರೆಯಿರಿ. ಇಡೀ ಮಡಕೆ ನೇರವಾಗಿ ಕಾಣದಂತೆ ಒಟ್ಟು ಜೋಡಣೆಯನ್ನು ಒಂದು ಪಕ್ಕಕ್ಕೆ ಸರಿಸಿ ಕಂಬದ ಮರೆಗೆ ತನ್ನಿ, ಮುಂದೆ ಕಪ್ಪು ಹಲಗೆಯೊಂದನ್ನು ನಿಲ್ಲಿಸಿ. ಮನೆಯ ಸಾದಾ ಎಲ್‌ಇಡಿ ಬಲ್ಬು ಡಿಮ್ಮರಿಗೆ ಹೊಂದದೆ ಮಿಣಿಮಿಣಿ ಎನ್ನುತ್ತದೆ, ಕೊನೆಯಲ್ಲಿ ಫಕ್ಕನೆ ಆರುತ್ತದೆ. ಈ ಎರಡು ದೀಪಕ್ಕೆ ಹಳೆಯ ತಂತಿಯ ಬಲ್ಬೇ ಲೇಸು.

ಮಡಕೆಗಳನ್ನು ಒಬ್ಬನೇ ಕುಂಬಾರನಲ್ಲಿ, ಒಂದೇ ಆವಿಗೆಯದನ್ನು ಆರೇಳು ಕೊಂಡು, ಅಳೆದು, ಒಂದೇ ಥರದ ಎರಡನ್ನು ಆರಿಸಿ. ಒದ್ದೆ ಗೋಣಿ ಸುತ್ತಿ ಸುತ್ತಿಗೆಯಿಂದ ಮೆಲ್ಲಗೆ ತಟ್ಟಿದರೆ ನುಚ್ಚಾಗದೆ ನಾಲ್ಕೈದು ದೊಡ್ಡ ಹೋಳಾಗುತ್ತದೆ. ಬಾಯಿ ಮತ್ತು ತಳ ತಮ್ಮ ಜಾಗದಲ್ಲೇ ಉಳಿಯುವಂತೆ ಹೋಳುಗಳನ್ನು ಒಳಗಿನಿಂದ ತಂತಿ ಕಟ್ಟಿ ನಿಲ್ಲಿಸಿ. ಹೊರಗೆರೆ ಉಳಿದರೇ ಕೂಡುವಿಕೆ ಕಣ್ಣಿಗೆ ಹಿಡಿಸುವುದು.

ಕಥೆಯ ಕಟ್ಟಳೆ

ಕನ್ನಡಿಯಲ್ಲಿ ಕಥೆ ಕಾಣುತ್ತದೆ ಎಂದು ಮಾತಿನಲ್ಲಿ ವಿವರಿಸುವ ಅಗತ್ಯ ನಮ್ಮ ಪ್ರೇಕ್ಷಕರಿಗಿಲ್ಲ. ಅಂಜನ ಹಾಕಿಸಿ ಕಪ್ಪು ಬಳಿದ ವೀಳ್ಯದೆಲೆಯಲ್ಲಿ ಕಳೆದ ವಸ್ತುವಿನ ಸುಳಿವು ನೋಡಿಸುವ ವಾಡಿಕೆ ನಮ್ಮ ಊರುಗಳಲ್ಲಿ ಇದ್ದದ್ದೇ. ಹೊಳೆಯುವ ಕಪ್ಪಿನಲ್ಲಿ ಏನೋ ಮೂಡುತ್ತದೆ ಎಂಬುದನ್ನು ಜನ ಒಪ್ಪಿಕೊಂಡೇ ಬಂದು ಕೂತಿರುತ್ತಾರೆ. ಅವರಿಗೆ ಬೇಕಾದದ್ದು ಎರಡು ಉತ್ತರ: ಇದಕ್ಕೆ ಏನು ಆಗುವುದಿಲ್ಲ, ಇದಕ್ಕೆ ಬೆಲೆ ಏನು.

ನಮ್ಮ ಸಲಹೆ ಹೀಗಿದೆ. ಕನ್ನಡಿ ವಸ್ತುವನ್ನು ಮಾತ್ರ ಸರಿಪಡಿಸಲಿ, ಮನಸ್ಸನ್ನಲ್ಲ. ಮಡಕೆ ಕೂಡುವುದನ್ನು ಬೆಳಕು ತೋರಿಸಬಲ್ಲದು. ಮಡಕೆ ಒಡೆದದ್ದಕ್ಕೆ ನಾದಿನಿಯನ್ನು ಬಯ್ಯುವ ಅತ್ತಿಗೆಯ ಮನಸ್ಸು ಕರಗುವುದನ್ನು ಅತ್ತಿಗೆಯ ಪಾತ್ರಧಾರಿಯೇ ತೋರಿಸಬೇಕು. ಮನಸ್ಸನ್ನೂ ಕನ್ನಡಿಯೇ ತಿದ್ದಿದರೆ ಒಳಗಿನವರು ಗೊಂಬೆಗಳಾಗುತ್ತಾರೆ, ಆಮೇಲೆ ಅವರ ಕಷ್ಟಕ್ಕೆ ಯಾರೂ ಮರುಗುವುದಿಲ್ಲ.

ಬೆಲೆಗೆ ದೀಪ. ಕನ್ನಡಿ ನೋಡುವ ಪಾತ್ರ ಒಬ್ಬ ಅಜ್ಜಿ ಎಂದುಕೊಳ್ಳಿ. ಅವಳ ಕೋಣೆಯಲ್ಲಿ ಐದು ಹಣತೆಗಳಿರಲಿ (ಬ್ಯಾಟರಿಯವು ಸಾಕು, ಇಷ್ಟು ಬಟ್ಟೆಯ ನಡುವೆ ಬೆಂಕಿ ಬೇಡ). ಕನ್ನಡಿ ತೆರೆಯಲು ಒಂದು, ಪ್ರತಿ ರಿಪೇರಿಗೆ ಒಂದು ಆರಬೇಕು. ಆರಿದ್ದು ಮತ್ತೆ ಹೊತ್ತುವುದಿಲ್ಲ. ಪ್ರತಿ ಹಣತೆಯ ಜೊತೆ ಮುಂಭಾಗದ ಬೆಳಕು ಒಂದು ಮೆಟ್ಟಿಲು ಇಳಿಯುತ್ತದೆ, ತಂತ್ರಕ್ಕೆ ಬೇಕಾದದ್ದೂ ಅದೇ. ನಾಟಕ ಮುಂದುವರಿದಂತೆ ಕನ್ನಡಿಯ ಕಥೆ ನಿಚ್ಚಳವಾಗುತ್ತಾ ಹೋಗುತ್ತದೆ, ಅಜ್ಜಿ ಮಸುಕಾಗುತ್ತಾ ಹೋಗುತ್ತಾಳೆ.

ಒಂದು ದೃಶ್ಯವನ್ನು ಕ್ಯೂ ಸಮೇತ ನೋಡೋಣ. ಅಜ್ಜಿ ಮೊದಲ ಹಣತೆ ಆರಿಸುತ್ತಾಳೆ. ಮುಂದಿನ ಬೆಳಕು ಮೂರು ಸೆಕೆಂಡಿನಲ್ಲಿ ಇಳಿದು ನಿಲ್ಲುತ್ತದೆ. ಒಂದು ಉಸಿರಿನ ಬಿಡುವು. ಆಮೇಲೆ ಗೂಡಿನ ಬೆಳಕು ನಾಲ್ಕು ಸೆಕೆಂಡಿನಲ್ಲಿ ಏರುತ್ತದೆ. ಒಳಗೆ ಕಟ್ಟೆಯ ಮೇಲೆ ಒಡೆದ ಮಡಕೆ, ಅದರ ಪಕ್ಕ ನಾದಿನಿ ಮತ್ತು ಅತ್ತಿಗೆ.

"ಅತ್ತಿಗೆ, ನಾನು ಒಡೆದಿಲ್ಲ."

"ಹಾಗಾದ್ರೆ ಮಡಕೆಗೆ ಕಾಲು ಬಂತೇನೆ?"

ನಾದಿನಿ ಮನೆ ಬಿಡಲು ಸೆರಗು ಬಿಗಿಯುತ್ತಾಳೆ. ಅಜ್ಜಿ ಕೋಲು ಕುಟ್ಟುತ್ತಾಳೆ. ಇದು ಒಳಗಿನವರಿಗೆ ಕ್ಯೂ, ಇಬ್ಬರೂ ಕಲ್ಲಾಗಿ ನಿಲ್ಲುತ್ತಾರೆ. ಎರಡನೆಯ ಹಣತೆ ಆರುತ್ತದೆ, ಕೈ ಸೀಳಿನೊಳಗೆ ಹೋಗುತ್ತದೆ, ಬೆರಳು ಮಡಕೆಯ ಕಡೆ ಚಾಚುತ್ತದೆ. ಮುಟ್ಟಬಾರದು, ಕೈ ಕಟ್ಟೆಯ ಗಾಜಿಗೆ ನಾಲ್ಕು ಬೆರಳಿನಷ್ಟು ಈಚೆಗೇ ನಿಲ್ಲಬೇಕು. ಐದು ಸೆಕೆಂಡಿನಲ್ಲಿ ಮಡಕೆ ಕೂಡುತ್ತದೆ. ಕೈ ಹೊರಗೆ ಬಂದ ಮೇಲೆ ಮತ್ತೊಂದು ಕುಟ್ಟು, ಒಳಗೆ ಕಥೆ ಮುಂದುವರಿಯುತ್ತದೆ. ಈಗ ಬಯ್ಯಲು ಅತ್ತಿಗೆಗೆ ಕಾರಣವಿಲ್ಲ. ಆದರೆ ನಾದಿನಿ ಮನೆ ಬಿಡುವುದಿಲ್ಲ, ಕೆರೆ ಏರಿಯ ಮೇಲೆ ಅವಳಿಗಾಗಿ ಕಾದವನು ಕಾದೇ ಇರುತ್ತಾನೆ. ಅಜ್ಜಿ ಉಳಿದ ಮೂರು ಹಣತೆ ಎಣಿಸುತ್ತಾಳೆ. ಪ್ರತಿ ರಿಪೇರಿಯೂ ಮುಂದಿನ ತೊಡಕನ್ನು ತಾನೇ ಹೆರುವಂತೆ ಬರೆದರೆ ನಾಟಕ ತನ್ನಷ್ಟಕ್ಕೆ ಓಡುತ್ತದೆ.

ಕೊನೆಯ ಪರೀಕ್ಷೆ

ತಾಲೀಮಿನಲ್ಲಿ ಮೊಬೈಲ್ ಕ್ಯಾಮೆರಾ ನಂಬಬೇಡಿ. ಅದು ಕತ್ತಲನ್ನು ತಾನೇ ತಿದ್ದಿಕೊಂಡು ತೋರಿಸುತ್ತದೆ. ಸಭಾಂಗಣದ ನಾಲ್ಕು ಮೂಲೆ, ಮೊದಲ ಸಾಲು, ಕೊನೆಯ ಸಾಲು, ಪ್ರತಿಯೊಂದರಲ್ಲೂ ಒಬ್ಬರನ್ನು ಕೂರಿಸಿ, ಕತ್ತಲಿಗೆ ಕಣ್ಣು ಹೊಂದಲು ಐದು ನಿಮಿಷ ಬಿಟ್ಟು ಆಮೇಲೆ ಕೇಳಿ. ಕನ್ನಡಿ ಮುಚ್ಚಿರುವಾಗ ಒಳಗಿನವರು ಕಂಡರೆ ಗೂಡಿನ ಬಟ್ಟೆಯಲ್ಲಿ ಬೆಳಕು ಸೋರುತ್ತಿದೆ. ಒಬ್ಬರು ಒಳಗೆ ನಿಂತು ಹೊರಗಿನ ಲೈಟೆಲ್ಲ ಹಾಕಿಸಿದರೆ ಸೋರುವ ಜಾಗ ಚುಕ್ಕಿಯಾಗಿ ಕಾಣುತ್ತದೆ. ತೆರೆದಿರುವಾಗ ಒಳಗಿನವರ ಮೇಲೆ ಅಜ್ಜಿಯ ಬಿಳಿ ಸೀರೆ ತೇಲಿದರೆ ಸೀರೆಯ ಬಣ್ಣ ಬದಲಿಸಿ, ಕಡುಗೆಂಪು ಅಥವಾ ಇಳಕಲ್ಲಿನ ಕಡುನೀಲಿ ಒಪ್ಪುತ್ತದೆ. ಗೂಡಿನ ಬೆಳಕು ಗಾಜಿನಾಚೆ ಚೆಲ್ಲಿ ಅಜ್ಜಿಯ ಕೆನ್ನೆಗೆ ಬಿದ್ದರೆ ಅದನ್ನು ಹಾಗೆಯೇ ಬಿಡಿ, ಅಷ್ಟು ಒಳ್ಳೆಯ ಮುಖದ ಬೆಳಕು ಬೇರೆ ಯಾವ ಲೈಟಿನಿಂದಲೂ ಬರುವುದಿಲ್ಲ.

ಸಾಗಿಸುವಾಗ ಗಾಜನ್ನು ಮಲಗಿಸಬೇಡಿ, ಅಂಚಿನ ಮೇಲೆ ನಿಲ್ಲಿಸಿ ಕಂಬಳಿ ಸುತ್ತಿ ಲಾರಿಯ ಪಕ್ಕಕ್ಕೆ ಕಟ್ಟಿ. ಮಖಮಲ್ಲನ್ನು ಹೊಳಪಿನ ಮೈ ಒಳಗಾಗುವಂತೆ ಮಡಚಿ, ಬಿಚ್ಚಿದಾಗ ಒದ್ದೆ ಸ್ಪಂಜಿನಿಂದ ಒಂದೇ ದಿಕ್ಕಿಗೆ ಸವರಿ ದೂಳು ತೆಗೆಯಿರಿ. ಮಡಕೆಗಳಿಗೆ ಒಂದು ಜೊತೆ ಹೆಚ್ಚಿನದು ಯಾವಾಗಲೂ ಜೊತೆಗಿರಲಿ, ಅದನ್ನೂ ಮೊದಲೇ ಅಳೆದು ಹೊಂದಿಸಿ ಗುರುತು ಹಾಕಿದ್ದೇ ಆಗಿರಲಿ.